ಜ್ವರದ ದಿನದ ಹಾಲು

ಮಾರ್ಚ್ 4, ಸೋಮವಾರ

ಇವತ್ತು ಉಗುರಿನ ಎದುರು ಎರಡು ಗಂಟೆ ಕೂತಿದ್ದೆ. ಚಾನೆಲ್ಲಿನ ಮುಖ್ಯಸ್ಥನಿಗೆ ಈ ಹೆಸರಿಟ್ಟವಳು ನಾನೇ. ಡೈರಿಯಿಂದಾಚೆ ಯಾರಿಗೂ ಗೊತ್ತಿಲ್ಲ. ಅವನು ಮಾತಾಡುತ್ತಾ ಉಗುರು ಕಚ್ಚುತ್ತಾನೆ, ಕಚ್ಚಿದ್ದನ್ನು ನಾಲಿಗೆ ತುದಿಯಲ್ಲಿ ಹೊರಳಿಸುತ್ತಾನೆ, ಆಮೇಲೆ ಎದುರಿಗೆ ಯಾರಿದ್ದಾರೆ ಏನಿದೆ ಎಂದೂ ನೋಡದೆ ಉಫ್ ಎಂದು ಬಿಡುತ್ತಾನೆ. ಇವತ್ತಿನ ತುಣುಕು ನಮ್ಮ ಧಾರಾವಾಹಿಯ ನಲವತ್ತೇಳನೇ ಸಂಚಿಕೆಯ ಹಾಳೆಯ ಮೇಲೆ ಬಂದು ಕೂತಿತು. ಪೆನ್ನಿನ ತುದಿಯಿಂದ ಅದನ್ನು ತಳ್ಳಿ, ಇಳಿದು ಬರುವಾಗ ಮೆಟ್ಟಿಲ ಹತ್ತಿರದ ಕಸದ ಬುಟ್ಟಿಗೆ ಆ ಪೆನ್ನನ್ನೂ ಹಾಕಿ ಬಂದೆ.

"ನಿಮ್ಮ ಮುದುಕಿ ತುಂಬಾ ಒಳ್ಳೆಯವಳು ಮೇಡಂ, ಅದೇ ತೊಂದರೆ" ಅಂದ. "ಒಳ್ಳೆಯವರನ್ನ ನೋಡೋಕೆ ಜನ ಯಾಕೆ ಟಿವಿ ಹಾಕ್ತಾರೆ? ಅವಳನ್ನ ಕೆಟ್ಟವಳು ಮಾಡಿ. ಆಗಲ್ವಾ, ಸಾಯ್ಸಿ."

ಮುದುಕಿ ಅಂದರೆ ಧಾರಾವಾಹಿಯ ತಾಯಿ, ನಿಜದಲ್ಲಿ ನಮ್ಮ ಟೀಚರ್‌ನ ತಾಯಿ. ಟೀಚರ್ ಅಂದರೆ ಈ ಧಾರಾವಾಹಿಯ ಕಥೆಗಾರ್ತಿ. ಎರಡನೇ ತರಗತಿಯ ಮಕ್ಕಳಿಗೆ ಪಾಠ ಹೇಳಿಕೊಂಡು, ಉಳಿದ ಹೊತ್ತಿನಲ್ಲಿ ಒಂಬತ್ತು ವರ್ಷದಿಂದ ನನ್ನ ಜೊತೆ ಬರೆಯುತ್ತಿದ್ದಾಳೆ. ಅವಳ ತಾಯಿ ಮೂವತ್ತು ವರ್ಷ ಆಸ್ಪತ್ರೆಯಲ್ಲಿ ಹಾಸಿಗೆ ಬಟ್ಟೆ ಒಗೆದು, ಇಸ್ತ್ರಿ ಮಾಡಿ, ಮೂರು ಮಕ್ಕಳನ್ನು ಒಬ್ಬಳೇ ದಡ ಮುಟ್ಟಿಸಿದವಳು. ಆ ಕಥೆಯನ್ನು ನನ್ನ ಕೈಗೆ ಕೊಡುವಾಗ ಟೀಚರ್ ಒಂದೇ ಷರತ್ತು ಹಾಕಿದ್ದಳು. "ಏನು ಬೇಕಾದ್ರೂ ಬದಲಾಯ್ಸಿ ಅಕ್ಕಾ, ಅಮ್ಮನ್ನ ಮಾತ್ರ ಕೆಟ್ಟವಳು ಮಾಡಬೇಡಿ. ಅವಳು ದಿನಾ ಏಳು ಗಂಟೆಗೆ ಟಿವಿ ಮುಂದೆ ಕೂತಿರ್ತಾಳೆ. ಆ ಪಾತ್ರ ತಾನೇ ಅಂತ ಅವಳಿಗೆ ಗೊತ್ತು."

ಅವಳ ಕೈ ಹಿಡಿದು ಮಾತು ಕೊಟ್ಟಿದ್ದೇನೆ. ಉಗುರು ಹತ್ತು ಬೆರಳನ್ನೂ ಕಚ್ಚಿಕೊಳ್ಳಲಿ, ಮಾತು ಮಾತೇ. ಎದುರಿಗೆ ಮಾತ್ರ "ನೋಡೋಣ ಸರ್" ಅಂದು ಎದ್ದು ಬಂದೆ.

ಮಾರ್ಚ್ 6, ಬುಧವಾರ

ಸಂಜೆ ಟೀಚರ್ ಮನೆಗೆ ಹೋಗಿದ್ದೆ. ಎರಡು ಕೋಣೆಯ ಮನೆ, ಒಂದರಲ್ಲಿ ಮಕ್ಕಳ ನೋಟುಪುಸ್ತಕಗಳದ್ದೇ ರಾಶಿ. ಉಗುರು ಹೇಳಿದ್ದನ್ನು ನನ್ನ ರೀತಿಯಲ್ಲಿ ಹೇಳಿದೆ: "ಅಮ್ಮನ ಪಾತ್ರ ಚಾನೆಲ್ಲಿಗೆ ತುಂಬಾ ಹಿಡಿಸಿದೆ. ಅವಳಿಗೆ ಇನ್ನೂ ಸ್ವಲ್ಪ ಕೆಲಸ ಬೇಕಂತೆ." ಟೀಚರ್ ಮುಖ ಅರಳಿತು.

ಅಷ್ಟರಲ್ಲಿ ತಾಯಿ ಪಕ್ಕದ ಮನೆಯಿಂದ ಬಂದರು. ಎಪ್ಪತ್ತಾರು ವರ್ಷ, ಇಸ್ತ್ರಿ ಪೆಟ್ಟಿಗೆ ಹಿಡಿದೂ ಹಿಡಿದೂ ಬಲ ಭುಜ ಒಂದಿಷ್ಟು ಕೆಳಗೆ. ಬಂದವರೇ ನನ್ನನ್ನು ತರಾಟೆಗೆ ತೆಗೆದುಕೊಂಡರು. "ನಿಮ್ಮ ಆ ನಟಿಗೆ ಹೇಳಮ್ಮ, ಇಸ್ತ್ರಿ ಪೆಟ್ಟಿಗೆನ ಹಾಗೆ ಪುಸ್ತಕ ಹಿಡಿದ ಹಾಗೆ ಹಿಡಿಯಲ್ಲ. ನಾನು ಹಾಗೆ ಹಿಡಿದಿದ್ರೆ ಮೂರೇ ದಿನಕ್ಕೆ ಮನೆಗೆ ಕಳಿಸ್ತಿದ್ರು."

ಆಮೇಲೆ ಜ್ವರದ ದಿನದ ಸಂಚಿಕೆಯ ವಿಷಯ ಬಂತು. ಇಪ್ಪತ್ತಾರು ವರ್ಷದ ಹಿಂದೆ, ಟೀಚರ್ ಪರೀಕ್ಷೆಗೆ ಹೋಗಬೇಕಾದ ಬೆಳಿಗ್ಗೆ ಅವಳಿಗೆ ಜ್ವರದಿಂದ ಮೈ ಕಾದು ಏಳಲಾಗದೆ, ತಾಯಿ ಕೆಲಸಕ್ಕೆ ರಜೆ ಹಾಕಿ ಪಕ್ಕದಲ್ಲಿ ಕೂತು ಹಾಲು ಕುಡಿಸಿದ್ದರಂತೆ. ಒಂದು ವರ್ಷ ಹಾಳಾಯಿತು, ಮುಂದಿನ ವರ್ಷ ಪಾಸಾದಳು. ಅದನ್ನು ಟೀಚರ್ ಇದ್ದದ್ದು ಇದ್ದ ಹಾಗೆ ಬರೆದಿದ್ದಳು, ಹೋದ ತಿಂಗಳು ಪ್ರಸಾರವಾಯಿತು. "ಬೀದಿಯ ಹೆಂಗಸರೆಲ್ಲ ಅತ್ತರು" ಅಂದರು ತಾಯಿ. "ನಂದೇನಿದೆ ಬಿಡು, ಹಾಲು ಕುಡಿಸಿದ್ದು ತಾನೇ. ಇವಳು ಅದನ್ನ ನೆನಪಿಟ್ಕೊಂಡಿದ್ಲಲ್ಲ, ಅದು ದೊಡ್ಡದು."

ಇಂಥವರನ್ನು ಕೆಟ್ಟವರು ಮಾಡಬೇಕಂತೆ. ಆ ಉಗುರಿನವನಿಗೆ ತಾಯಿ ಅಂತ ಒಬ್ಬಳು ಇದ್ದಳೋ ಇಲ್ಲವೋ.

ಮಾರ್ಚ್ 14, ಗುರುವಾರ

ರೇಟಿಂಗ್ ಬಂತು. ಇನ್ನೂ ಇಳಿದಿದೆ. ನಮಗಿಂತ ಮೇಲಿರುವ ಧಾರಾವಾಹಿಯಲ್ಲಿ ಒಬ್ಬಳು ಸತ್ತು ಮೂರನೇ ಸಲ ಎದ್ದು ಬಂದಿದ್ದಾಳೆ. ಜನ ಅದನ್ನು ಬಾಯಿ ಬಿಟ್ಟುಕೊಂಡು ನೋಡುತ್ತಿದ್ದಾರೆ. ಥೂ.

ಮಾರ್ಚ್ 22, ಶುಕ್ರವಾರ

ಮೂಗು ಕಟ್ಟಿದೆ, ಕೆಲಸಕ್ಕೆ ಹೋಗಲಿಲ್ಲ. ಸುಮ್ಮನೆ ಬಿದ್ದುಕೊಂಡರೆ ಹಳೆಯದೆಲ್ಲ ತಲೆ ತಿನ್ನುತ್ತದೆ.

ಇಪ್ಪತ್ತೆಂಟು ವರ್ಷದ ಹಿಂದೆ ಸಂಭಾಷಣೆಯ ಹಾಳೆಗಳನ್ನು ನಕಲು ಮಾಡುವವಳಾಗಿ ಈ ಕಸುಬಿಗೆ ಬಂದೆ. ಬೆರಳಿಗೆಲ್ಲ ಕಾರ್ಬನ್ ಮಸಿ. ನಾನು ಕೂರುತ್ತಿದ್ದ ಪಡಸಾಲೆಯಲ್ಲೇ ಒಬ್ಬ ವಯಸ್ಸಾದ ಬರಹಗಾರರು ನಿಂತಿರುತ್ತಿದ್ದರು. ಒಳಗೆ ಅವರ ಕಥೆಯ ಮೇಲೆ ಹತ್ತು ಜನ ಮಾತಾಡುತ್ತಿದ್ದರೆ ಅವರಿಗೆ ಹೊರಗೆ ಒಂದು ಕುರ್ಚಿಯೂ ಇರುತ್ತಿರಲಿಲ್ಲ. "ಒಳಗೆ ಏನು ನಡೀತಿದೆ ಮಗಳೇ?" ಅಂತ ನನ್ನನ್ನು ಕೇಳುತ್ತಿದ್ದರು. ಏನು ಹೇಳಲಿ, ಬಾಗಿಲ ಸಂದಿಯಿಂದ ನಗು ಕೇಳಿಸುತ್ತಿತ್ತು. ಆವತ್ತೇ ತೀರ್ಮಾನ ಮಾಡಿದೆ, ಬರೆಯುವವರ ಪರವಾಗಿ ಒಳಗೆ ಒಬ್ಬರು ಕೂರಬೇಕು. ಹಾಗೆ ನಾನು ಬರಹಗಾರರ ಮ್ಯಾನೇಜರ್ ಆದೆ. ಅವರ ಕಥೆಯನ್ನು ಚಾನೆಲ್ಲಿಗೆ ಒಪ್ಪಿಸುವುದು, ಅವರ ಹೆಸರು ತೆರೆಯ ಮೇಲೆ ಬರುವ ಹಾಗೆ ನೋಡಿಕೊಳ್ಳುವುದು ನನ್ನ ಕೆಲಸ. ಆರು ವರ್ಷದಿಂದ ಧಾರಾವಾಹಿಗಳ ನಿರ್ಮಾಪಕಿಯೂ ನಾನೇ. ಬರೆಯುವವರ ಪರ ವಾದ ಮಾಡುವವಳೂ ನಾನೇ, ಅವರಿಂದ ಬರೆಸಿಕೊಳ್ಳುವವಳೂ ನಾನೇ. ಜನ ಇದಕ್ಕೆ ಹುಬ್ಬೇರಿಸುತ್ತಾರೆ. ಏರಿಸಲಿ.

ಈ ಕೆಲಸದ ಗುಟ್ಟು ಇಷ್ಟೇ. ಒಳಗಿನ ಮಾತನ್ನು ಹೊರಗೆ ಹಾಗೇ ಹೇಳಿದರೆ ಬರೆಯುವವರು ಪೆನ್ನು ಎಸೆದು ಹೋಗುತ್ತಾರೆ. ಹೊರಗಿನ ಮಾತನ್ನು ಒಳಗೆ ಹಾಗೇ ಹೇಳಿದರೆ ಚಾನೆಲ್ ಬಾಗಿಲು ಹಾಕುತ್ತದೆ. ನಾನು ಎರಡನ್ನೂ ಬೇಯಿಸಿ ಮೆತ್ತಗೆ ಮಾಡಿ ಬಡಿಸುತ್ತೇನೆ. "ಸಾಯ್ಸಿ" ಅನ್ನುವುದು "ಕೆಲಸ ಬೇಕಂತೆ" ಆಗುತ್ತದೆ. "ಸಾಧ್ಯವೇ ಇಲ್ಲ" ಅನ್ನುವುದು "ಯೋಚಿಸ್ತಾರಂತೆ" ಆಗುತ್ತದೆ. ಸುಳ್ಳು ಅನ್ನುವವರು ಒಂದು ದಿನ ಬಂದು ನನ್ನ ಕುರ್ಚಿಯಲ್ಲಿ ಕೂರಲಿ.

ಏಪ್ರಿಲ್ 2, ಮಂಗಳವಾರ

ಉಗುರು ಕೊನೆಯ ಮಾತು ಹೇಳಿದ. ಮುದುಕಿ ಕೆಟ್ಟವಳಾಗಿ ತಿರುಗಬೇಕು, ಇಲ್ಲದಿದ್ದರೆ ಈ ತಿಂಗಳ ಕೊನೆಗೆ ಧಾರಾವಾಹಿ ನಿಲ್ಲುತ್ತದೆ. "ನಿಮ್ಮ ರೈಟರ್ ಏನಂತಾರೆ?" ಎಂದು ಕೇಳಿದ.

"ಒಪ್ಪಿದ್ದಾರೆ ಸರ್. ಸ್ವಲ್ಪ ಟೈಮ್ ಕೇಳಿದ್ದಾರೆ" ಅಂದೆ.

ಬಾಯಿಂದ ಸಲೀಸಾಗಿ ಬಂದುಬಿಟ್ಟಿತು. ಅರವತ್ತು ಜನರ ಕೆಲಸ ಈ ಧಾರಾವಾಹಿಯ ಮೇಲೆ ನಿಂತಿದೆ, ಬೇರೇನು ಹೇಳಲಿ? ಟೀಚರಿಗೆ ಶಾಲೆ ಬಿಡುವ ಹೊತ್ತಿಗೆ ಫೋನ್ ಮಾಡಿ "ಅಮ್ಮನ ಬದುಕಲ್ಲಿ ಒಂದು ಗುಟ್ಟು ಇದೆ ಅಂತ ತೋರಿಸೋಣ" ಅಂದೆ. ಅಷ್ಟು ಹೇಳಿದರೆ ಅರ್ಥವಾಗುತ್ತದೆ ಅಂದುಕೊಂಡಿದ್ದೇನೆ. ಒಂಬತ್ತು ವರ್ಷದಲ್ಲಿ ಅಷ್ಟಾದರೂ ಕಲಿತಿರಬೇಡವೇ.

ಏಪ್ರಿಲ್ 9, ಮಂಗಳವಾರ

ಕಲಿತಿಲ್ಲ.

ಹದಿನಾಲ್ಕು ಹಾಳೆ ಕಳಿಸಿದ್ದಾಳೆ. ಗುಟ್ಟು ಏನಂತೆ? ಅಮ್ಮನಿಗೆ ಓದಲು ಬರುತ್ತಿರಲಿಲ್ಲ, ಮಕ್ಕಳಿಗೆ ಗೊತ್ತಾಗದ ಹಾಗೆ ಆಸ್ಪತ್ರೆಯ ಹೊದಿಕೆಗಳ ಮೂಲೆಯಲ್ಲಿ ಹೊಲಿದಿದ್ದ ವಾರ್ಡಿನ ಹೆಸರುಗಳನ್ನು ನೋಡಿ ನೋಡಿ ಒಂದೊಂದೇ ಅಕ್ಷರ ಕಲಿತಳು. ಮೊದಲು ಓದಿದ ಪದ "ಹೆರಿಗೆ".

ಆ ಹಾಳೆಯನ್ನು ಮತ್ತೆ ಮೊದಲಿಂದ ಓದಿದ್ದು ನಿಜ. ಆದರೆ ಇದನ್ನು ಎಲ್ಲಿಗೆ ತೆಗೆದುಕೊಂಡು ಹೋಗಲಿ? ಮಾತಿನ ಹಿಂದೆ ಇನ್ನೊಂದು ಮಾತು ಇರುತ್ತದೆ ಅಂತ ತಿಳಿಯದಷ್ಟು ಮುಗ್ಧತೆ ಈ ವಯಸ್ಸಿನಲ್ಲಿ ನೋಡುವುದಕ್ಕೇ ಹಿಂಸೆ. ಹಾಳೆಗಳನ್ನು ಕೆಳಗಿನ ಖಾನೆಗೆ ಹಾಕಿದೆ. "ತುಂಬಾ ಚೆನ್ನಾಗಿದೆ, ಮುಂದೆ ಬಳಸೋಣ" ಎಂದು ಸಂದೇಶ ಕಳಿಸಿದೆ. ಅದಕ್ಕೆ ಅವಳು ಮೂರು ಹೂವಿನ ಚಿತ್ರ ಕಳಿಸಿದ್ದಾಳೆ. ಆ ಹೂಗಳನ್ನು ನೋಡಿದರೆ ಮೈ ಉರಿಯುತ್ತದೆ.

ಏಪ್ರಿಲ್ 17, ಬುಧವಾರ

ದಾರಿ ಸಿಕ್ಕಿತು. ಎಡಿಟಿಂಗ್ ಕೋಣೆಯಲ್ಲಿ ಹಳೆಯ ಸಂಚಿಕೆಗಳನ್ನು ಹಾಕಿಸಿ ನೋಡುತ್ತಿದ್ದೆ. ಜ್ವರದ ದಿನದ ದೃಶ್ಯ ಬಂತು. ತಾಯಿ ಅಡುಗೆಮನೆಯಿಂದ ಹಾಲಿನ ಲೋಟ ತರುತ್ತಾಳೆ, ಮಗಳು ಕುಡಿಯುತ್ತಾಳೆ, ಪರೀಕ್ಷೆ ತಪ್ಪುತ್ತದೆ. ಅದಕ್ಕೆ ಮೊದಲು ಹಿಂದಿನ ರಾತ್ರಿಯ ಹಾಲು, ಒಂದು ಕೈ, ಒಂದು ಮಾತ್ರೆ ಸೇರಿಸಿದರೆ ಮುಗಿಯಿತು. ಮಗಳು ಓದಿ ಕೆಲಸ ಹಿಡಿದು ದೂರ ಹೋಗಬಾರದು ಅಂತ ತಾಯಿಯೇ ಜ್ವರ ಬರಿಸಿದಳು. ಅದು ಬಿಟ್ಟು ಹೊಸದಾಗಿ ಏನೂ ಚಿತ್ರೀಕರಿಸಬೇಕಾಗಿಲ್ಲ. ಎಂಬತ್ತು ಸಂಚಿಕೆಗಳ ಒಳ್ಳೆಯತನ ಒಂದು ಕ್ಷಣದಲ್ಲಿ ಮಗುಚಿ ಬೀಳುತ್ತದೆ. ಹಾಗೆ ನೋಡಿದರೆ ಇದು ಕೆಟ್ಟತನವೂ ಅಲ್ಲ, ಅತಿಯಾದ ಪ್ರೀತಿ. ಟೀಚರ್ ಕೇಳಿದ್ದು ಕೆಟ್ಟವಳು ಮಾಡಬೇಡಿ ಅಂತ. ಪ್ರೀತಿ ಬೇಡ ಅಂದಿರಲಿಲ್ಲವಲ್ಲ.

ಸಾಹೇಬನಿಗೆ ಹೇಳಿದೆ. ಕಚ್ಚುತ್ತಿದ್ದ ಬೆರಳನ್ನು ಬಾಯಿಂದ ತೆಗೆದ. ಅಷ್ಟು ಗಮನ ಕೊಟ್ಟು ಕೇಳಿದ್ದು ಇದೇ ಮೊದಲು.

ಏಪ್ರಿಲ್ 26, ಶುಕ್ರವಾರ

ಕೈಯ ದೃಶ್ಯ ತೆಗೆದೆವು. ತಾಯಿ ಪಾತ್ರದ ಹಿರಿಯ ನಟಿ ಬೇರೆ ಚಿತ್ರೀಕರಣದಲ್ಲಿದ್ದರು. ಬರೀ ಕೈಗಾಗಿ ಬರುವುದಿಲ್ಲ ಅಂದರು. ನಿರ್ದೇಶಕ ಸುತ್ತ ಒಮ್ಮೆ ನೋಡಿ, "ಮೇಡಂ, ನಿಮ್ಮ ಕೈಗೇ ಸರಿಯಾದ ವಯಸ್ಸು" ಅಂದ. ಹಲ್ಲು ಉದುರಿಸಬೇಕಿತ್ತು. ಮೇಕಪ್ಪಿನವಳು ಬೂದಿ ಬಣ್ಣದ ಪುಡಿ ಹಚ್ಚಿ ಗೆರೆ ಎಳೆದು, "ಜಾಸ್ತಿ ಏನೂ ಬೇಕಾಗಿಲ್ಲ ಬಿಡಿ" ಅಂದಳು. ಅವಳದ್ದೂ ಉದುರಿಸಬೇಕಿತ್ತು.

ದೀಪಗಳ ಕೆಳಗೆ ಹಾಲು ಕೆನೆ ಕಟ್ಟುತ್ತದೆ ಎಂದು ಗೋಡೆಗೆ ಬಳಿಯುವ ಸುಣ್ಣದಂಥದ್ದೇನೋ ಕದಡಿ ಲೋಟಕ್ಕೆ ತುಂಬಿಸಿದ್ದರು. ಅದರ ವಾಸನೆಗೆ ಮುಖ ಆಚೆ ತಿರುಗಿಸಿಕೊಂಡೆ. ಮಾತ್ರೆ ಹಾಕಿದರೆ ಮುಳುಗುವುದೇ ಇಲ್ಲ, ತೇಲುತ್ತದೆ. ಏಳು ಸಲ ಹಾಕಿದೆ. ಎಂಟನೇ ಸಲ ಬೆರಳಿನಿಂದ ಒತ್ತಿ ಮುಳುಗಿಸಿದೆ. ನಿರ್ದೇಶಕನಿಗೆ ಅದೇ ಬಹಳ ಹಿಡಿಸಿತು. ಮನೆಗೆ ಬಂದು ಮೂರು ಸಲ ಸೋಪು ಹಾಕಿ ತೊಳೆದರೂ ಬೆರಳ ಸಂದಿಯಲ್ಲಿ ಬಿಳಿ ಉಳಿದಿದೆ.

ಮೇ 2, ಗುರುವಾರ

ಊಟಕ್ಕೆ ಕೂತಾಗ ಗಂಡ ಸುಮ್ಮನಿರಲಾರದೆ ಕೇಳಿದರು: "ಮೊದಲೆಲ್ಲ ಊಟಕ್ಕೆ ಕೂತ್ರೆ ಆ ಉಗುರಿನವನನ್ನ ಬೈತಿದ್ದೆ. ಈಗ ತಿಂಗಳಿಂದ ಆ ಟೀಚರನ್ನೇ ಬೈತಾ ಇದೀಯಲ್ಲ, ಅವಳೇನು ಮಾಡಿದ್ಲು?"

ಏನು ಮಾಡಿದಳು ಅಂತೆ. ಕಾಲೇಜಿನಲ್ಲಿ ಗಣಿತ ಹೇಳಿಕೊಡುವವರಿಗೆ ಈ ಕಸುಬಿನ ಕಷ್ಟ ಎಲ್ಲಿಂದ ಗೊತ್ತಾಗಬೇಕು? "ಪಲ್ಯ ಬಡಿಸ್ಕೊಳ್ಳಿ" ಅಂದೆ.

ಸೋಮವಾರ ಪ್ರಸಾರ. ಟೀಚರಿಗೆ ಮೊದಲೇ ಹೇಳಬೇಕು. ನಾಳೆ ಹೇಳುತ್ತೇನೆ.

ಮೇ 6, ಸೋಮವಾರ

ಹೇಳಲಿಲ್ಲ. ಶುಕ್ರವಾರ ಅವಳಿಗೆ ಶಾಲೆಯಲ್ಲಿ ಏನೋ ಇತ್ತು. ಶನಿವಾರ ನನಗೆ.

ಏಳು ಗಂಟೆ ಇಪ್ಪತ್ತು ನಿಮಿಷಕ್ಕೆ ನನ್ನ ಕೈ ತೆರೆಯ ತುಂಬಾ ಬಂತು. ಕೆಟ್ಟದಾಗೇನೂ ಕಾಣಲಿಲ್ಲ. ಅಲ್ಲಿಂದ ಎಂಟರವರೆಗೆ ಟೀಚರ್ ಹನ್ನೊಂದು ಸಲ ಫೋನ್ ಮಾಡಿದಳು. ಎತ್ತಲಿಲ್ಲ. ಬಿಸಿ ಇರುವಾಗ ಮಾತಾಡಿದರೆ ಇಬ್ಬರ ಬಾಯಿಂದಲೂ ಬರಬಾರದ್ದು ಬರುತ್ತದೆ.

ಮೇ 9, ಗುರುವಾರ

ರೇಟಿಂಗ್ ಏರಿತು. ಮೂರು ಮೆಟ್ಟಿಲು ಒಟ್ಟಿಗೆ. ಸರ್ ಕೇಕ್ ತರಿಸಿದ್ದರು. ಎಲ್ಲರೂ ಕೈಯಲ್ಲೇ ಮುರಿದು ಒಬ್ಬರ ಬಾಯಿಗೊಬ್ಬರು ತುರುಕಿದರು, ಕೆನೆ ಮೇಜಿನ ಮೇಲೆ, ನೆಲದ ಮೇಲೆ, ಯಾರದೋ ಗಡ್ಡದ ಮೇಲೆ. ನನ್ನ ಬಾಯಿಗೆ ಸರ್ ತಾವೇ ಇಟ್ಟರು. ಉಗುಳಲಾರದೆ ನುಂಗಿದೆ. ಅವರಿಗೂ ಪಾಪ ಮೇಲಿನವರ ಒತ್ತಡ ಎಷ್ಟಿರುತ್ತದೋ, ಉಗುರು ಕಚ್ಚದೆ ಇನ್ನೇನು ಮಾಡುತ್ತಾರೆ.

ಆ ಹೆಂಗಸಿನ ಸಂದೇಶ ಮಧ್ಯಾಹ್ನ ಬಂತು. ಒಂದೇ ಸಾಲು. "ಮೇಡಂ, ಧಾರಾವಾಹಿಯಿಂದ ನನ್ನ ಹೆಸರು ತೆಗೆಯಿರಿ." ಒಂಬತ್ತು ವರ್ಷ ಅಕ್ಕ ಆಗಿದ್ದವಳು ಈಗ ಮೇಡಂ. ಕೃತಜ್ಞತೆ ಎನ್ನುವುದು ಯಾವ ಅಂಗಡಿಯಲ್ಲೂ ಸಿಗುವುದಿಲ್ಲ.

ಮೇ 13, ಸೋಮವಾರ

ಹೋಗಲೇಬೇಕಾಯಿತು. ಏರುತ್ತಿರುವ ಧಾರಾವಾಹಿಯಿಂದ ಕಥೆಗಾರ್ತಿಯ ಹೆಸರು ಮಾಯವಾದರೆ ಪತ್ರಿಕೆಯವರು ಬಿಡುತ್ತಾರೆಯೇ? ಸರ್ ಕೂಡ "ನೀವೇ ಹೋಗಿ ಸಮಾಧಾನ ಮಾಡಿ ಮೇಡಂ, ನಿಮ್ಮ ಮಾತು ಕೇಳ್ತಾರೆ" ಅಂದರು.

ಬಾಗಿಲು ತೆಗೆದ ಟೀಚರ್ ಬನ್ನಿ ಅನ್ನಲಿಲ್ಲ. ಪಕ್ಕಕ್ಕೆ ಸರಿದು ನಿಂತಳು, ಅಷ್ಟೇ. ಟಿವಿಯ ಮೇಲೆ ಒಂದು ಬಟ್ಟೆ ಮುಚ್ಚಿತ್ತು. ಅಡುಗೆಮನೆಯಲ್ಲಿ ತಾಯಿ ಪಾತ್ರೆ ಸರಿಸುವ ಸದ್ದು. ನಾನು ದಾರಿಯುದ್ದಕ್ಕೂ ಕಲಿತುಕೊಂಡು ಬಂದದ್ದನ್ನು ಶುರು ಮಾಡಿದೆ. ಚಾನೆಲ್ ಒತ್ತಡ, ಅರವತ್ತು ಜನ, ಅತಿಯಾದ ಪ್ರೀತಿ. ಅವಳು ಪೂರ್ತಿ ಕೇಳಿದಳು.

"ಅವಳು ನನ್ನನ್ನ ಬೈಲಿಲ್ಲ" ಅಂದಳು ಆಮೇಲೆ, ಸಣ್ಣ ದನಿಯಲ್ಲಿ. "ಬೈದಿದ್ರೆ ಚೆನ್ನಾಗಿರ್ತಿತ್ತು. ಆವತ್ತು ಸಂಚಿಕೆ ಮುಗಿದ ಮೇಲೆ ಎದ್ದು ಟಿವಿ ಆರಿಸಿದ್ಲು. ಹಾಸಿಗೆ ಹಾಸ್ತಾ, 'ಆ ಜ್ವರ ನಿಜವಾದ ಜ್ವರನೇ ಕಣೆ, ನೂರಾ ಮೂರು ಇತ್ತು, ನಾನೇ ನೋಡಿದ್ದೆ' ಅಂದ್ಲು. ನಾನು ಬರೆದಿಲ್ಲ ಅಮ್ಮಾ ಅಂತ ಎಷ್ಟು ಸಲ ಹೇಳಿದ್ರೂ, 'ಹೆಸರು ನಿಂದೇ ಬರುತ್ತಲ್ಲ' ಅಂತಾಳೆ. 'ಇಷ್ಟು ವರ್ಷ ಈ ಅನುಮಾನ ಮನಸ್ಸಲ್ಲಿ ಇಟ್ಕೊಂಡೇ ನನ್ನ ಕೈಯಿಂದ ಊಟ ಮಾಡಿದ್ಯಾ' ಅಂತ ಕೇಳಿದ್ಲು."

"ಅರವತ್ತು ಜನ..." ಅಂತ ಮತ್ತೆ ಶುರು ಮಾಡಿದೆ.

"ನಂಗೆ ಬೇರೇನೂ ಬೇಡ" ಅಂದಳು ಟೀಚರ್. "ಹೆಸರು ಇದ್ರೂ ಇರಲಿ. ಅಮ್ಮನ ಹತ್ರ ಒಂದು ಮಾತು ಹೇಳಿ ಹೋಗಿ. 'ಆ ಮಾತ್ರೆ ನನ್ನ ಯೋಚನೆ, ನಿಮ್ಮ ಮಗಳದ್ದಲ್ಲ' ಅಂತ. ನೀವು ಹೇಳಿದ್ರೆ ನಂಬ್ತಾಳೆ."

ಅಷ್ಟರಲ್ಲಿ ತಾಯಿ ಎರಡು ಲೋಟ ಚಹಾ ತಂದರು. ಒಂದು ವಾರದಲ್ಲಿ ಕುಗ್ಗಿಹೋಗಿದ್ದಾರೆ. ಇಸ್ತ್ರಿ ಪೆಟ್ಟಿಗೆಯ ಮಾತಿಲ್ಲ, ತರಾಟೆಯಿಲ್ಲ. ನನ್ನ ಎದುರು ನಿಂತು, ಮೊದಲು ಮಗಳ ಲೋಟದಿಂದ ಒಂದು ಗುಟುಕು ಕುಡಿದು, ನುಂಗಿದ್ದು ನಮಗೆ ಕಾಣುವ ಹಾಗೆ ಸ್ವಲ್ಪ ತಡೆದು, ಅವಳ ಕೈಗೆ ಕೊಟ್ಟರು. ಆಮೇಲೆ ನನ್ನ ಲೋಟದಿಂದಲೂ ಹಾಗೇ ಒಂದು ಗುಟುಕು ಕುಡಿದು ಕೊಟ್ಟರು. "ಕುಡಿಯಮ್ಮ" ಅಂದರು.

ಟೀಚರ್ ಗೋಡೆಗೆ ಮುಖ ತಿರುಗಿಸಿದಳು. ದಿನವೂ ಹೀಗೇ ನಡೆಯುತ್ತಿದೆ ಎಂದು ಅರ್ಥವಾಯಿತು.

ಹೇಳಬೇಕೆಂದು ಬಾಯಿ ತೆರೆದೆ. ನಿಜವಾಗಿಯೂ ಹೇಳಬೇಕೆಂದೇ ತೆರೆದೆ. "ಧಾರಾವಾಹಿ ಅಂದ್ರೆ ಹಾಗೇ ಅಮ್ಮಾ" ಅಂದೆ. "ಅದು ಯಾರೋ ಒಬ್ಬರು ಮಾಡೋದಲ್ಲ. ಎಲ್ಲರೂ ಸೇರಿ ಮಾಡೋದು. ಜನ ಏನು ಕೇಳ್ತಾರೋ ಅದು."

"ಹೌದೌದು" ಅಂದರು ತಾಯಿ. "ಎಲ್ಲರೂ ಸೇರಿ." ಮಗಳ ಕಡೆ ಒಮ್ಮೆ ನೋಡಿ ಒಳಗೆ ಹೋದರು.

ಚಹಾ ಹಾಗೇ ಬಿಟ್ಟು ಬಂದೆ. ಬೇರೆಯವರು ಬಾಯಿ ಹಚ್ಚಿದ್ದು ನನಗೆ ಆಗುವುದಿಲ್ಲ. ಕಾರು ಮೊದಲ ಸಿಗ್ನಲ್ಲಿಗೆ ಬಂದು ನಿಂತಿತು. ನನ್ನ ಮೇಲೇ ಹೇಸಿಗೆಯಾಯಿತು ಎಂದು ಬರೆಯಬಹುದು. ಆದದ್ದೂ ನಿಜ. ಸಿಗ್ನಲ್ ಬಿಡುವವರೆಗೆ ಇತ್ತು.

ಮೇ 15, ಬುಧವಾರ

ನೂರನೇ ಸಂಚಿಕೆಗೆ ಏನಾದರೂ ದೊಡ್ಡದು ಬೇಕು ಅಂತ ಸರ್ ಬೆಳಿಗ್ಗೆಯಿಂದ ಎಲ್ಲರ ಜೀವ ಹಿಂಡುತ್ತಿದ್ದರು. ಸಂಭಾಷಣೆ ಬರೆಯುವ ಹುಡುಗಿಯರು ಇಬ್ಬರು ಬೆಂಕಿ, ಅಪಘಾತ ಅಂತ ಏನೇನೋ ಹೇಳಿದರು. ಕೇಳಿ ಕೇಳಿ ಸಾಕಾಯಿತು. ಒಂದು ಹಾಳೆ ತೆಗೆದುಕೊಂಡು ನಾನೇ ಬರೆದು ಮುಂದಿಟ್ಟೆ. ಮನೆಯವರಿಗೆಲ್ಲ ಮುದುಕಿಯ ಮೇಲೆ ಅನುಮಾನ. ಮುದುಕಿ ಮಗಳಿಗೆ ಹಾಲು ತರುತ್ತಾಳೆ. ಮಾತಿಲ್ಲ, ಅಳುವಿಲ್ಲ. ಮೊದಲು ತಾನು ಒಂದು ಗುಟುಕು ಕುಡಿದು, ನುಂಗಿದ್ದು ಎಲ್ಲರಿಗೂ ಕಾಣುವ ಹಾಗೆ ತಡೆದು, ಆಮೇಲೆ ಲೋಟ ಕೊಡುತ್ತಾಳೆ.

ಸರ್ ಎರಡು ಸಲ ಓದಿದರು. ಹುಡುಗಿಯರಲ್ಲಿ ಒಬ್ಬಳು ಕಣ್ಣು ಒರೆಸಿಕೊಂಡಳು.

"ಇದು ಯಾರಿಗೆ ಹೊಳೆದಿದ್ದು ಮೇಡಂ?" ಎಂದು ಕೇಳಿದರು.

"ನನಗೇ ಸರ್" ಅಂದೆ.